ಕರ್ನಾಟಕ ಕರಾವಳಿಯ ಕಡಲ ವ್ಯಾಪಾರ ಕಾನೂನಿನ ಇತಿಹಾಸ

ಕರ್ನಾಟಕ ಕರಾವಳಿಯ ಕಡಲ ವ್ಯಾಪಾರ ಕಾನೂನು ಎಂದರೆ ಕಾರವಾರದಿಂದ ಉಳ್ಳಾಲದವರೆಗಿನ ಬಂದರುಗಳಲ್ಲಿ ಹಡಗು, ಸರಕು, ಸುಂಕ, ನಾವಿಕರ ಸಂಬಳ, ಅಪಘಾತ ಮತ್ತು ನಷ್ಟಪರಿಹಾರದ ವಿಷಯಗಳನ್ನು ಬೇರೆ ಬೇರೆ ಕಾಲಗಳಲ್ಲಿ ನಿಯಂತ್ರಿಸಿದ ರೂಢಿ, ರಾಜಾಜ್ಞೆ, ಒಪ್ಪಂದ ಮತ್ತು ಕಾಯಿದೆಗಳ ಸಮೂಹ. ಅಂತಾರಾಷ್ಟ್ರೀಯ ನೌಕಾ ಕಾನೂನಿನ ಬೆಳವಣಿಗೆಯ ಮುಖ್ಯ ಘಟ್ಟಗಳಲ್ಲಿ ಹೆಚ್ಚಿನವು ಈ ಕರಾವಳಿಯಲ್ಲಿ ಒಂದಲ್ಲ ಒಂದು ರೂಪದಲ್ಲಿ ಕಾಣಸಿಗುತ್ತವೆ. ಬಂದರಿನ ಒಡೆಯನ ಹಕ್ಕು, ಪೋರ್ಚುಗೀಸರ ಪರವಾನಗಿ ಪದ್ಧತಿ, ಬ್ರಿಟಿಷ್ ಅಡ್ಮಿರಾಲ್ಟಿ ನ್ಯಾಯಾಲಯಗಳು, ಇಪ್ಪತ್ತನೆಯ ಶತಮಾನದ ಅಂತಾರಾಷ್ಟ್ರೀಯ ನಿಯಮಾವಳಿಗಳು ಒಂದರ ಮೇಲೊಂದು ಇಲ್ಲಿ ನೆಲೆಸಿದವು.

ಈ ಇತಿಹಾಸದ ಉದ್ದಕ್ಕೂ ಒಂದೇ ಪ್ರಶ್ನೆ ಮತ್ತೆ ಮತ್ತೆ ಎದುರಾಗುತ್ತದೆ: ಹಡಗಿನಿಂದ ನಷ್ಟಕ್ಕೊಳಗಾದವನು ಯಾರ ಬಳಿ ದೂರಬೇಕು? ಹಡಗು ಇಂದು ಇದ್ದು ನಾಳೆ ಹೊರಟುಹೋಗುವ ವಸ್ತು. ಅದರ ಮಾಲೀಕ ಸಾಮಾನ್ಯವಾಗಿ ದೂರದೇಶದವನು. ಹಡಗನ್ನು ತಡೆದು ನಿಲ್ಲಿಸುವ ಅಧಿಕಾರ ಹತ್ತಿರದಲ್ಲಿ ಇಲ್ಲದಿದ್ದರೆ ಉಳಿದ ಹಕ್ಕುಗಳು ಕಾಗದದ ಮೇಲೆಯೇ ಉಳಿಯುತ್ತವೆ. ಕರ್ನಾಟಕದ ಮಟ್ಟಿಗೆ ಈ ಅಧಿಕಾರವು ರಾಜ್ಯದ ಉಚ್ಚ ನ್ಯಾಯಾಲಯಕ್ಕೆ ಕಾಯಿದೆಯ ಮೂಲಕ ಹೆಸರಿಸಿ ದೊರೆತದ್ದು 2017ರ ಅಧಿನಿಯಮದಿಂದ. ಅದು ಜಾರಿಗೆ ಬಂದದ್ದು 2018ರ ಏಪ್ರಿಲ್ 1ರಂದು.

ಪ್ರಾಚೀನ ಹಿನ್ನೆಲೆ

ಕ್ರಿ.ಶ. ಒಂದನೆಯ ಶತಮಾನದ ರೋಮನ್ ಲೇಖಕ ಪ್ಲಿನಿ, ಮುಜಿರಿಸ್ ಬಂದರಿಗೆ ಹೋಗುವ ಹಡಗುಗಳಿಗೆ ನಿತ್ರಿಯಾಸ್ ಎಂಬಲ್ಲಿನ ಕಡಲ್ಗಳ್ಳರ ಕಾಟವಿದೆ ಎಂದು ಬರೆದಿದ್ದಾನೆ. ಈ ಸ್ಥಳವನ್ನು ಕೆಲವು ವಿದ್ವಾಂಸರು ನೇತ್ರಾವತಿ ತೀರದ ಮಂಗಳೂರಿನೊಂದಿಗೆ ಗುರುತಿಸುತ್ತಾರೆ. ಆರನೆಯ ಶತಮಾನದ ಕಾಸ್ಮಸ್ ಇಂಡಿಕೊಪ್ಲೆಸ್ಟೆಸ್ ಕಾಳುಮೆಣಸು ರಫ್ತಾಗುವ ಬಂದರುಗಳ ಪಟ್ಟಿಯಲ್ಲಿ ‘ಮಂಗರೂತ್’ ಅನ್ನು ಸೇರಿಸಿದ್ದಾನೆ.

ಭಾರತೀಯ ಗ್ರಂಥಗಳಲ್ಲಿ ಕೌಟಿಲ್ಯನ ಅರ್ಥಶಾಸ್ತ್ರದ ಎರಡನೆಯ ಅಧಿಕರಣವು ‘ನಾವಧ್ಯಕ್ಷ’ ಎಂಬ ಅಧಿಕಾರಿಯ ಕರ್ತವ್ಯಗಳನ್ನು ವಿವರಿಸುತ್ತದೆ. ಬಿರುಗಾಳಿಗೆ ಸಿಕ್ಕಿ ಬಂದ ಹಡಗನ್ನು ತಂದೆಯಂತೆ ನೋಡಿಕೊಳ್ಳಬೇಕು, ನೀರಿನಿಂದ ಕೆಟ್ಟ ಸರಕಿಗೆ ಸುಂಕ ಬಿಡಬೇಕು ಇಲ್ಲವೇ ಅರ್ಧ ಮಾತ್ರ ಪಡೆಯಬೇಕು ಎಂಬುದು ಅಲ್ಲಿನ ವಿಧಿ. ನಾವಿಕರ ತಪ್ಪಿನಿಂದಾದ ನಷ್ಟವನ್ನು ನಾವಿಕರೇ ತಮ್ಮ ತಮ್ಮ ಪಾಲಿನಂತೆ ತುಂಬಿಕೊಡಬೇಕು, ದೈವಿಕವಾದುದಕ್ಕೆ ದಂಡವಿಲ್ಲ ಎಂದು ಮನುಸ್ಮೃತಿಯ ಎಂಟನೆಯ ಅಧ್ಯಾಯ ಹೇಳುತ್ತದೆ. ಇಂದಿನ ಸಾಗಣೆ ಕಾನೂನು ಸಹ ಸಾಗಣೆದಾರನ ಅಜಾಗರೂಕತೆ ಮತ್ತು ದೈವಿಕ ವಿಪತ್ತುಗಳನ್ನು ಬೇರೆ ಬೇರೆಯಾಗಿಯೇ ಕಾಣುತ್ತದೆ. ಆದರೆ ಗ್ರಂಥದ ವಿಧಿಯೂ ಬಂದರಿನ ವಾಸ್ತವವೂ ಒಂದೇ ಆಗಿರಲಿಲ್ಲ.

ಬಂದರಿನ ಹಕ್ಕು ಮತ್ತು ಒಡೆದ ಹಡಗು

ಹದಿನಾಲ್ಕನೆಯ ಶತಮಾನದ ಪ್ರವಾಸಿ ಇಬ್ನ್ ಬತೂತ ‘ಫಾಕನೂರ್’ ಎಂದು ಕರೆದಿರುವ ಊರು ಇಂದಿನ ಉಡುಪಿ ಜಿಲ್ಲೆಯ ಬಾರ್ಕೂರು. ಅಲ್ಲಿನ ರೂಢಿಯ ಬಗ್ಗೆ ಅವನು ನೀಡುವ ವಿವರ ಈ ಕರಾವಳಿಯ ಕಡಲ ನಿಯಮಗಳ ಬಗ್ಗೆ ದೊರೆಯುವ ಅತ್ಯಂತ ಸ್ಪಷ್ಟವಾದ ಹಳೆಯ ದಾಖಲೆಗಳಲ್ಲಿ ಒಂದು. ಊರಿನ ಮುಂದೆ ಹಾದುಹೋಗುವ ಪ್ರತಿಯೊಂದು ಹಡಗೂ ಅಲ್ಲಿ ಲಂಗರು ಹಾಕಿ ಅರಸನಿಗೆ ಕಾಣಿಕೆ ಸಲ್ಲಿಸಬೇಕಿತ್ತು. ಇದನ್ನು ಅರಬ್ಬಿ ವರ್ತಕರು ‘ಹಕ್ಕುಲ್ ಬಂದರ್’, ಅಂದರೆ ಬಂದರಿನ ಹಕ್ಕು ಎನ್ನುತ್ತಿದ್ದರು. ಕಾಣಿಕೆ ಕೊಡದೆ ಮುಂದೆ ಸಾಗಿದ ಹಡಗನ್ನು ಬೆನ್ನಟ್ಟಿ, ಬಲವಂತದಿಂದ ಬಂದರಿಗೆ ತಂದು, ಸುಂಕವನ್ನು ಇಮ್ಮಡಿಗೊಳಿಸಿ, ಅರಸನಿಗೆ ಇಷ್ಟವಾದಷ್ಟು ಕಾಲ ತಡೆಹಿಡಿಯಲಾಗುತ್ತಿತ್ತು. ಆ ಅರಸನ ಬಳಿ ಮೂವತ್ತು ಯುದ್ಧನೌಕೆಗಳಿದ್ದವು ಎಂದೂ ಅವುಗಳ ನಾಯಕ ಸ್ವತಃ ಕಡಲ್ಗಳ್ಳನೆಂದೂ ಇಬ್ನ್ ಬತೂತ ಬರೆಯುತ್ತಾನೆ. ಸುಂಕ ವಸೂಲಿ ಮತ್ತು ಕಡಲ್ಗಳ್ಳತನದ ನಡುವಿನ ಗೆರೆ ಎಷ್ಟು ತೆಳುವಾಗಿತ್ತೆಂಬುದು ಇದರಿಂದ ತಿಳಿಯುತ್ತದೆ.

ದಡಕ್ಕೆ ಬಿದ್ದ ಹಡಗಿನ ಪಾಡು ಇನ್ನೂ ಕಠಿಣವಾಗಿತ್ತು. ಗಾಳಿ ತಂದುಹಾಕಿದ ಹಡಗು ಬಂದರಿನ ಒಡೆಯನದು ಎಂಬ ರೂಢಿ ಪಶ್ಚಿಮ ಕರಾವಳಿಯ ಅನೇಕ ಕಡೆ ಇತ್ತು. ಕಾಸರಗೋಡಿನ ದಕ್ಷಿಣಕ್ಕಿರುವ ಏಳಿಮಲೆಯ ರಾಜ್ಯದಲ್ಲಿ, ಬೇರೆಡೆಗೆ ಹೊರಟು ದಾರಿತಪ್ಪಿ ಬಂದ ಹಡಗುಗಳನ್ನು ದೇವರೇ ಕಳುಹಿಸಿದ್ದೆಂದು ವಶಪಡಿಸಿಕೊಳ್ಳುತ್ತಿದ್ದರೆಂದು ಮಾರ್ಕೊ ಪೋಲೊ ಹೇಳಿದ್ದಾನೆ. 1443ರಲ್ಲಿ ಕಲ್ಲಿಕೋಟೆಯಿಂದ ಮಂಗಳೂರಿನ ಮಾರ್ಗವಾಗಿ ವಿಜಯನಗರಕ್ಕೆ ಬಂದ ಪರ್ಷಿಯನ್ ರಾಯಭಾರಿ ಅಬ್ದುರ್ ರಜಾಕ್, ಕಲ್ಲಿಕೋಟೆಯಲ್ಲಿ ಈ ಲೂಟಿ ಇಲ್ಲವೆಂಬುದನ್ನು ವಿಶೇಷವೆಂದು ದಾಖಲಿಸಿದ್ದಾನೆ. ಬೇರೆ ಬಂದರುಗಳಲ್ಲಿ ಅದು ಸಾಮಾನ್ಯವಾಗಿತ್ತೆಂಬುದಕ್ಕೆ ಇದೇ ಸಾಕ್ಷಿ.

ಈ ರೂಢಿಯನ್ನು ಅರಸನೊಬ್ಬನು ಬಹಿರಂಗವಾಗಿ ಕೈಬಿಟ್ಟ ಪ್ರಸಿದ್ಧ ಉದಾಹರಣೆ ಪೂರ್ವ ಕರಾವಳಿಯದು. ಕಾಕತೀಯ ಗಣಪತಿದೇವನ ಮೋಟುಪಲ್ಲಿ ಶಾಸನ (1244) ಹಡಗು ವರ್ತಕರಿಗೆ ಅಭಯ ನೀಡುತ್ತದೆ. ಹಿಂದಿನ ಅರಸರು ಬಿರುಗಾಳಿಗೆ ಸಿಕ್ಕಿ ಒಡೆದ ಹಡಗುಗಳ ಸರಕನ್ನೆಲ್ಲ ಕಿತ್ತುಕೊಳ್ಳುತ್ತಿದ್ದರು, ತಾನು ಮೂವತ್ತರಲ್ಲೊಂದು ಪಾಲಿನ ಸುಂಕವನ್ನು ಬಿಟ್ಟು ಬೇರೇನನ್ನೂ ಪಡೆಯುವುದಿಲ್ಲ ಎಂಬುದು ಅದರ ತಿರುಳು. ಪ್ರಾಣವನ್ನೇ ಪಣವಿಟ್ಟು ಕಡಲು ದಾಟುವವರಿಗೆ ಧನವೇ ಪ್ರಾಣಕ್ಕಿಂತ ಮಿಗಿಲು ಎಂಬ ಕಾರಣವನ್ನೂ ಶಾಸನ ಕೊಡುತ್ತದೆ.

ವರ್ತಕ ಸಂಘಗಳು ಮತ್ತು ಮಂಗಳೂರಿನ ಪತ್ರಗಳು

ಅರಸನ ಅಧಿಕಾರದ ಜೊತೆಗೆ ವರ್ತಕರದೇ ಆದ ಶಿಸ್ತು ಇತ್ತು. ಐಹೊಳೆಯ ಹೆಸರಿನಿಂದ ಪ್ರಸಿದ್ಧವಾದ ಅಯ್ಯಾವೊಳೆ ಐನೂರ್ವರು, ನಾನಾದೇಶಿಗಳು, ಕರಾವಳಿಯ ಹಂಜಮಾನ ಮತ್ತು ನಖರಗಳು ತಮ್ಮ ಸದಸ್ಯರ ವ್ಯವಹಾರಗಳ ಮೇಲೆ ಹಿಡಿತ ಹೊಂದಿದ್ದವು. ಬಾರ್ಕೂರು, ಬಸ್ರೂರು, ಭಟ್ಕಳಗಳು ಇಂತಹ ಸಂಘಗಳ ನೆಲೆಗಳಾಗಿದ್ದವು.

ಇಂತಹ ಶಿಸ್ತು ದಿನನಿತ್ಯದ ವ್ಯಾಪಾರದಲ್ಲಿ ಹೇಗೆ ಕೆಲಸ ಮಾಡುತ್ತಿತ್ತೆಂಬುದನ್ನು ಕೈರೋ ನಗರದ ಹಳೆಯ ಯೆಹೂದಿ ಪ್ರಾರ್ಥನಾಮಂದಿರದಲ್ಲಿ ದೊರೆತ ಗೆನಿಜಾ ಪತ್ರಗಳು ತೋರಿಸುತ್ತವೆ. ಇಂದಿನ ಟುನೀಷಿಯಾದ ಮಹ್ದಿಯಾ ಮೂಲದ ವರ್ತಕ ಅಬ್ರಹಾಂ ಬೆನ್ ಯಿಜು 1132ರಿಂದ ಸುಮಾರು ಹದಿನೇಳು ವರ್ಷ ಬಹುಮಟ್ಟಿಗೆ ಮಂಗಳೂರಿನಲ್ಲಿ ನೆಲೆಸಿ ಏಡನ್ ಬಂದರಿಗೆ ಕಾಳುಮೆಣಸು, ಏಲಕ್ಕಿ, ಕಬ್ಬಿಣ ಮತ್ತು ಅಡಿಕೆ ಕಳುಹಿಸುತ್ತಿದ್ದನು. ಅವನ ಪರವಾಗಿ ಸರಕಿನೊಂದಿಗೆ ಏಡನ್‌ವರೆಗೆ ಹೋಗಿಬರುತ್ತಿದ್ದ ಬೊಮ್ಮ ಎಂಬ ಸೇವಕನ ಹೆಸರು ಈ ಪತ್ರಗಳಿಂದಲೇ ಇತಿಹಾಸಕ್ಕೆ ತಿಳಿದದ್ದು. ಅಮಿತಾವ್ ಘೋಷ್ ಅವರ ‘ಇನ್ ಆನ್ ಆಂಟಿಕ್ ಲ್ಯಾಂಡ್’ ಕೃತಿಯು ಈ ಬೊಮ್ಮನ ಹುಡುಕಾಟವನ್ನು ಆಧರಿಸಿದೆ.

ಕಾನೂನಿನ ದೃಷ್ಟಿಯಿಂದ ಎರಡು ಪ್ರಸಂಗಗಳು ಗಮನಾರ್ಹ. ಕಾರ್ದಾರ್ ಎಂಬ ಸ್ಥಳೀಯ ಮಧ್ಯವರ್ತಿ ಏಲಕ್ಕಿಗಾಗಿ ಮುಂಗಡ ಪಡೆದು ಸರಕು ಕೊಡದೆ ಸತಾಯಿಸಿದಾಗ, ಏಡನ್‌ನ ಪಾಲುದಾರರು ಯಾವ ನ್ಯಾಯಾಲಯವನ್ನೂ ಹೆಸರಿಸಲಿಲ್ಲ. ಮಾತು ತಪ್ಪಿದವನ ಹೆಸರನ್ನು ಏಡನ್‌ನಲ್ಲಿ ಬಹಿರಂಗವಾಗಿ ಖಂಡಿಸಲಾಗುವುದೆಂದು ಅವನನ್ನು ಹೆದರಿಸುವಂತೆ ಬೆನ್ ಯಿಜುವಿಗೆ ಸಲಹೆ ನೀಡಿದರು. ಮತ್ತೊಂದು ಪತ್ರ ಬಾಬ್ ಅಲ್ ಮಂದಬ್ ಜಲಸಂಧಿಯ ಎದುರು ಮುಳುಗಿದ ಹಡಗಿನ ಕುರಿತಾದುದು. ಮೆಣಸೆಲ್ಲ ಹಾಳಾಯಿತು. ಏಡನ್‌ನಿಂದ ಮುಳುಗುಗಾರರನ್ನು ಕರೆಸಿ ಕಬ್ಬಿಣದ ಒಂದು ಭಾಗವನ್ನು ಮೇಲೆತ್ತಿಸಲಾಯಿತು. ಖರ್ಚು ಕಳೆದು ಉಳಿದುದನ್ನು ಸರಕಿನ ಒಡೆಯರಿಗೆ ಅವರವರ ಪಾಲಿನಂತೆ ಹಂಚುವುದೆಂದು ತೀರ್ಮಾನವಾಯಿತು. ಮೆಡಿಟರೇನಿಯನ್ ಜಗತ್ತಿನಲ್ಲಿ ರೋಡ್ಸ್ ದ್ವೀಪದ ಕಾನೂನೆಂದು ಹೆಸರಾದ ಸಾಮೂಹಿಕ ನಷ್ಟ ಹಂಚಿಕೆಗೆ ಇದು ಹತ್ತಿರದ ಸಂಬಂಧಿ. ಮಂಗಳೂರಿನ ವರ್ತಕನಿಗೆ ಬರೆದ ಪತ್ರದಲ್ಲಿ ಅದು ವಿವರಣೆಯ ಅಗತ್ಯವೇ ಇಲ್ಲದ ಮಾತಾಗಿ ಬಂದಿದೆ.

ಕರ್ತಾಜ್ ಪದ್ಧತಿ

1498ರ ನಂತರ ಪೋರ್ಚುಗೀಸರು ತಂದ ಬದಲಾವಣೆ ಮೂಲಭೂತವಾದುದು. ಹದಿನಾರನೆಯ ಶತಮಾನದ ಆರಂಭದಿಂದ ಅವರು ಏಷ್ಯಾದ ಹಡಗುಗಳಿಗೆ ‘ಕರ್ತಾಜ್’ ಎಂಬ ಪರವಾನಗಿ ಪತ್ರವನ್ನು ಕಡ್ಡಾಯಗೊಳಿಸಿದರು. ಹಡಗಿನ ಹೆಸರು, ನಾಖುದನ ಹೆಸರು, ಗಾತ್ರ, ಆಯುಧಗಳು, ಹೊರಟ ಸ್ಥಳ, ತಲಪುವ ಸ್ಥಳ ಇವೆಲ್ಲ ಅದರಲ್ಲಿ ನಮೂದಾಗುತ್ತಿದ್ದವು. ಕಾಳುಮೆಣಸಿನಂತಹ ಸರಕು ನಿಷಿದ್ಧ. ಗೊತ್ತುಪಡಿಸಿದ ಪೋರ್ಚುಗೀಸ್ ಕೋಟೆಗೆ ಹೋಗಿ ಸುಂಕ ಕಟ್ಟಬೇಕಿತ್ತು. ಕರ್ತಾಜ್ ಇಲ್ಲದ ಹಡಗನ್ನು ಸರಕು ಸಮೇತ ವಶಪಡಿಸಿಕೊಳ್ಳಲಾಗುತ್ತಿತ್ತು. ಪತ್ರದ ಶುಲ್ಕ ಅಲ್ಪವಾಗಿದ್ದರೂ ಅದು ಹೇರುತ್ತಿದ್ದ ಸುಂಕ ಮತ್ತು ಮಾರ್ಗದ ನಿರ್ಬಂಧ ಭಾರವಾಗಿತ್ತು.

ಮೇಲ್ನೋಟಕ್ಕೆ ಇದು ಬಾರ್ಕೂರಿನ ಬಂದರಿನ ಹಕ್ಕನ್ನೇ ಹೋಲುತ್ತದೆ. ಆದರೆ ಬಾರ್ಕೂರಿನ ಅರಸನ ಹಕ್ಕು ತನ್ನ ಊರಿನ ಮುಂದಿನ ನೀರಿಗೆ ಸೀಮಿತ. ಪೋರ್ಚುಗೀಸರು ಇಡೀ ಸಾಗರದ ಮೇಲೆ ಒಡೆತನ ಹೇಳಿದರು. ಇಂತಹ ಒಡೆತನಕ್ಕೆ ಈ ಕರಾವಳಿಯಲ್ಲಿ ಪೂರ್ವನಿದರ್ಶನವಿರಲಿಲ್ಲ.

1502ರಲ್ಲಿ ವಾಸ್ಕೊ ಡ ಗಾಮಾನ ಬಲಪ್ರಯೋಗದ ನಂತರ ಭಟ್ಕಳದ ಅರಸ ಅಕ್ಕಿಯ ಕಾಣಿಕೆ ಒಪ್ಪಿಕೊಳ್ಳಬೇಕಾಯಿತು. 1547ರಲ್ಲಿ ವಿಜಯನಗರವು ಪೋರ್ಚುಗೀಸರೊಂದಿಗೆ ಮಾಡಿಕೊಂಡ ಒಪ್ಪಂದದಂತೆ ಗೋವಾಕ್ಕೆ ಬರುವ ಕುದುರೆಗಳು ವಿಜಯನಗರಕ್ಕೇ ಸಲ್ಲಬೇಕು, ರಾಜ್ಯದ ವರ್ತಕರು ತಮ್ಮ ಸರಕನ್ನು ಅಂಕೋಲಾ ಮತ್ತು ಹೊನ್ನಾವರಗಳ ಮೂಲಕ ಪೋರ್ಚುಗೀಸರಿಗೆ ಮಾರಬೇಕು, ಮುಸ್ಲಿಂ ವರ್ತಕರ ಹಡಗುಗಳಿಗೆ ವಿಜಯನಗರದ ಬಂದರುಗಳಲ್ಲಿ ಆಶ್ರಯ ಕೊಡಬಾರದು. ಕುದುರೆಗಾಗಿ ಬಂದರನ್ನೇ ಒತ್ತೆ ಇಟ್ಟ ಒಪ್ಪಂದವಿದು. 1568–69ರಲ್ಲಿ ಮಂಗಳೂರು, ಹೊನ್ನಾವರ ಮತ್ತು ಬಸ್ರೂರುಗಳಲ್ಲಿ ಪೋರ್ಚುಗೀಸ್ ಕೋಟೆಗಳು ಎದ್ದವು. ಉಳ್ಳಾಲದ ಅಬ್ಬಕ್ಕನ ಪ್ರತಿರೋಧವನ್ನು ಈ ವ್ಯಾಪಾರ ನಿರ್ಬಂಧದ ಹಿನ್ನೆಲೆಯಲ್ಲಿಯೇ ಅರ್ಥೈಸಬೇಕು. ಕಪ್ಪ ಮತ್ತು ಹಡಗುಗಳ ಸಂಚಾರವೇ ಆ ಜಗಳದ ಮೂಲ.

ಪೋರ್ಚುಗೀಸರ ಈ ಹಕ್ಕು ಯುರೋಪಿನಲ್ಲಿಯೂ ಪ್ರಶ್ನೆಗೊಳಗಾಯಿತು. 1603ರಲ್ಲಿ ಡಚ್ಚರು ಸಿಂಗಪುರದ ಬಳಿ ‘ಸಾಂತಾ ಕತರೀನಾ’ ಎಂಬ ಪೋರ್ಚುಗೀಸ್ ಹಡಗನ್ನು ಹಿಡಿದಾಗ, ಅದನ್ನು ಸಮರ್ಥಿಸಲು ಹ್ಯೂಗೊ ಗ್ರೋಷಿಯಸ್ ಬರೆದ ಗ್ರಂಥದ ಒಂದು ಅಧ್ಯಾಯ 1609ರಲ್ಲಿ ‘ಮಾರೆ ಲಿಬೆರಮ್’ (ಮುಕ್ತ ಸಾಗರ) ಎಂದು ಪ್ರಕಟವಾಯಿತು. ಕಡಲು ಯಾರ ಸ್ವತ್ತೂ ಅಲ್ಲ, ಸಂಚಾರ ಮತ್ತು ವ್ಯಾಪಾರ ಎಲ್ಲರ ಹಕ್ಕು ಎಂಬುದು ಅದರ ವಾದ. ಮದ್ರಾಸ್ ವಿಶ್ವವಿದ್ಯಾಲಯದಲ್ಲಿ ಬೋಧಿಸಿದ್ದ ಸಿ. ಎಚ್. ಅಲೆಕ್ಸಾಂಡ್ರೊವಿಚ್, ಹಿಂದೂ ಮಹಾಸಾಗರದ ವರ್ತಕರ ನಡುವೆ ಅದಾಗಲೇ ಇದ್ದ ಮುಕ್ತ ಸಂಚಾರದ ರೂಢಿ ಗ್ರೋಷಿಯಸ್‌ನ ಚಿಂತನೆಗೆ ಆಧಾರವಾಯಿತೆಂದು ವಾದಿಸಿದರು. ಆರ್. ಪಿ. ಆನಂದ್ ಅವರೂ ಈ ನಿಲುವನ್ನು ಬೆಂಬಲಿಸಿದ್ದಾರೆ. ಗ್ರೋಷಿಯಸ್‌ನ ಕಕ್ಷಿದಾರರಾದ ಡಚ್ಚರು ಮುಂದೆ ಮಲಬಾರಿನಲ್ಲಿ ಮೆಣಸಿನ ಏಕಸ್ವಾಮ್ಯಕ್ಕಾಗಿ ತಾವೇ ಪರವಾನಗಿ ಪತ್ರಗಳನ್ನು ನೀಡತೊಡಗಿದ್ದು ಬೇರೆ ಮಾತು.

ಕೆಳದಿ ಮತ್ತು ಮೈಸೂರು

ಹದಿನೇಳನೆಯ ಶತಮಾನದಲ್ಲಿ ಕರಾವಳಿಯ ಪ್ರಬಲ ಶಕ್ತಿ ಕೆಳದಿಯ ನಾಯಕರು. ಗೋವಾ ನಗರವು ಕನ್ನಡ ಕರಾವಳಿಯ ಅಕ್ಕಿಯನ್ನು ಅವಲಂಬಿಸಿತ್ತು. ಕೆಳದಿಯ ಕೈಯಲ್ಲಿದ್ದ ಮುಖ್ಯ ಅಸ್ತ್ರವೂ ಇದೇ. ಶಿವಪ್ಪ ನಾಯಕ 1650ರ ದಶಕದ ಮೊದಲ ವರ್ಷಗಳಲ್ಲಿ ಪೋರ್ಚುಗೀಸರಿಂದ ಕರಾವಳಿಯ ಕೋಟೆಗಳನ್ನು ಕಿತ್ತುಕೊಂಡನು. ಅನಂತರದ ಒಪ್ಪಂದಗಳಲ್ಲಿ, ಅವುಗಳಲ್ಲಿ 1678ರದು ಮುಖ್ಯವಾದುದು, ಪೋರ್ಚುಗೀಸರು ಕೋಟೆಯ ಒಡೆಯರಾಗಿ ಅಲ್ಲ, ಮಂಗಳೂರಿನಲ್ಲಿ ಕೋಠಿ ತೆರೆಯಲು ಅನುಮತಿ ಬೇಡುವ ವರ್ತಕರಾಗಿ ಕಾಣಿಸಿಕೊಳ್ಳುತ್ತಾರೆ. ಅಕ್ಕಿಯ ಪೂರೈಕೆಯಂತೆ ಕರ್ತಾಜ್ ನೀಡಿಕೆಯೂ ಚೌಕಾಸಿಯ ವಿಷಯವಾಯಿತು.

1763ರಲ್ಲಿ ಕೆಳದಿಯನ್ನು ಗೆದ್ದ ಹೈದರ್ ಅಲಿ ಮಂಗಳೂರನ್ನು ನೌಕಾನೆಲೆಯಾಗಿಸಿದನು. ಟಿಪ್ಪು ಸುಲ್ತಾನ ವ್ಯಾಪಾರವನ್ನೇ ಸರ್ಕಾರದ ಇಲಾಖೆಯಾಗಿ ರೂಪಿಸಿದನು. ಶ್ರೀಗಂಧ, ಮೆಣಸು, ಏಲಕ್ಕಿಗಳು ಸರ್ಕಾರದ ಏಕಸ್ವಾಮ್ಯಕ್ಕೆ ಸೇರಿದವು. ಮಸ್ಕತ್ ಮತ್ತು ಕಛ್‌ಗಳಲ್ಲಿ ಮೈಸೂರಿನ ಕೋಠಿಗಳು ತೆರೆದವು. ಪ್ರಜೆಗಳೂ ಸರ್ಕಾರದ ವ್ಯಾಪಾರದಲ್ಲಿ ಹಣ ತೊಡಗಿಸಬಹುದಾಗಿತ್ತು; ಸಣ್ಣ ಮೊತ್ತ ಹೂಡಿದವರಿಗೆ ಲಾಭದ ದರ ಹೆಚ್ಚು. 1796ರ ಆಜ್ಞಾಪತ್ರವು ‘ಮೀರ್ ಯಮ್’ ಎಂಬ ಅಧಿಕಾರಿಗಳ ನೌಕಾ ಮಂಡಳಿಯನ್ನು ರಚಿಸಿ ನಲವತ್ತು ಯುದ್ಧನೌಕೆಗಳ ನಿರ್ಮಾಣವನ್ನು ಉದ್ದೇಶಿಸಿತು. 1799ರಲ್ಲಿ ಶ್ರೀರಂಗಪಟ್ಟಣ ಪತನವಾದಾಗ ಕರಾವಳಿ ಈಸ್ಟ್ ಇಂಡಿಯಾ ಕಂಪನಿಯ ಪಾಲಾಯಿತು. ಮೈಸೂರು ಒಂದೂವರೆ ಶತಮಾನಕ್ಕೂ ಹೆಚ್ಚು ಕಾಲ ಕಡಲಿಲ್ಲದ ಸಂಸ್ಥಾನವಾಯಿತು. ವಿಶ್ವೇಶ್ವರಯ್ಯನವರ ಕಾಲದಲ್ಲಿ ಭಟ್ಕಳದಲ್ಲಿ ಮೈಸೂರಿಗೊಂದು ಬಂದರು ಪಡೆಯುವ ಆಲೋಚನೆ ನಡೆದರೂ ಅದು ಕೈಗೂಡಲಿಲ್ಲ.

ಒಂದು ಕರಾವಳಿ, ಎರಡು ಪ್ರಾಂತ

ಕಂಪನಿಯ ಆಡಳಿತದಲ್ಲಿ ಇಡೀ ಕೆನರಾ ಮದ್ರಾಸ್ ಪ್ರಾಂತಕ್ಕೆ ಸೇರಿತ್ತು. 1862ರಲ್ಲಿ ಉತ್ತರ ಕನ್ನಡವನ್ನು ಬೊಂಬಾಯಿ ಪ್ರಾಂತಕ್ಕೆ ವರ್ಗಾಯಿಸಲಾಯಿತು. ಧಾರವಾಡ ಸೀಮೆಯ ಹತ್ತಿ ಕುಮಟಾ ಮತ್ತು ಕಾರವಾರಗಳ ಮೂಲಕ ಹೊರಹೋಗುತ್ತಿದ್ದುದು ಇದಕ್ಕೆ ಹಿನ್ನೆಲೆ. ಇದರ ಫಲವಾಗಿ ಕುಂದಾಪುರದ ಹಡಗಿನ ತಕರಾರು ಮದ್ರಾಸಿಗೂ, ಅದರ ಪಕ್ಕದ ಭಟ್ಕಳದ್ದು ಬೊಂಬಾಯಿಗೂ ಹೋಗಬೇಕಾಯಿತು.

ಹಡಗಿನ ವಿರುದ್ಧವೇ ದಾವೆ ಹೂಡಿ ಅದನ್ನು ಜಪ್ತಿ ಮಾಡಿಸುವ ಅಧಿಕಾರಕ್ಕೆ ಅಡ್ಮಿರಾಲ್ಟಿ ಅಧಿಕಾರವ್ಯಾಪ್ತಿ ಎನ್ನುತ್ತಾರೆ. ಭಾರತದಲ್ಲಿ ಇದು ಬ್ರಿಟಿಷ್ ಸಂಸತ್ತಿನ 1840 ಮತ್ತು 1861ರ ಕಾಯಿದೆಗಳು, ಉಚ್ಚ ನ್ಯಾಯಾಲಯಗಳ ಲೆಟರ್ಸ್ ಪೇಟೆಂಟ್, 1890ರ ವಸಾಹತು ಅಡ್ಮಿರಾಲ್ಟಿ ನ್ಯಾಯಾಲಯಗಳ ಕಾಯಿದೆ ಹಾಗೂ ಅದನ್ನು ಅನ್ವಯಿಸಿದ 1891ರ ಭಾರತೀಯ ಕಾಯಿದೆಗಳ ಮೇಲೆ ನಿಂತಿತ್ತು. ಇಂದಿನ ಭಾರತದ ಗಡಿಯೊಳಗೆ ಈ ಅಧಿಕಾರವಿದ್ದದ್ದು ಕಲ್ಕತ್ತಾ, ಮದ್ರಾಸ್ ಮತ್ತು ಬೊಂಬಾಯಿ ಉಚ್ಚ ನ್ಯಾಯಾಲಯಗಳಿಗೆ ಮಾತ್ರ.

1861ರ ಕಾಯಿದೆಯ 6ನೆಯ ಕಲಮಿನಲ್ಲಿ ಒಂದು ದೊಡ್ಡ ಕೊರತೆ ಇತ್ತು. ಬಂದರಿನ ಒಳಕ್ಕೆ ತಂದ ಸರಕಿನ ಹಾನಿಗೆ ಮಾತ್ರ ಅದು ಅನ್ವಯಿಸುತ್ತಿತ್ತು. ಇಂಗ್ಲೆಂಡಿನ ಆಮದುದಾರರ ಅಗತ್ಯಕ್ಕೆ ಬರೆದ ಮಾತು ಅದು. ಕಾಫಿ, ಹೆಂಚು, ಹತ್ತಿ, ಮೆಣಸುಗಳನ್ನು ಹೊರಗೆ ಕಳುಹಿಸುವ ಕರಾವಳಿಗೆ ಅದರಿಂದ ದೊರೆಯಬಹುದಾಗಿದ್ದ ರಕ್ಷಣೆ ಅತ್ಯಲ್ಪ. ರಫ್ತುದಾರನ ಸರಕನ್ನು ಹಡಗಿನವರು ಏನು ಮಾಡಿದರೂ ಆ ಕಲಮಿನ ಅಡಿಯಲ್ಲಿ ಹಡಗನ್ನು ತಡೆಯುವಂತಿರಲಿಲ್ಲ.

ಸರಕಿನ ಕಾಗದಪತ್ರಗಳ ಕಾನೂನು ಇದೇ ಕಾಲದಲ್ಲಿ ರೂಪುಗೊಂಡಿತು. ಬಿಲ್ ಆಫ್ ಲೇಡಿಂಗ್ ಎಂಬುದು ಸರಕನ್ನು ಹಡಗಿಗೆ ಹೇರಿದ ರಸೀದಿ, ಸಾಗಣೆಯ ಕರಾರಿನ ಸಾಕ್ಷಿ ಮತ್ತು ಸರಕಿನ ಹಕ್ಕುಪತ್ರ ಮೂರೂ ಹೌದು. 1856ರ ಕಾಯಿದೆಯು ಈ ಪತ್ರವನ್ನು ಪಡೆದುಕೊಂಡವನಿಗೆ ಹಡಗಿನ ಮೇಲೆ ದಾವೆ ಹೂಡುವ ಹಕ್ಕನ್ನೂ ನೀಡಿತು. 1924ರ ಬ್ರಸೆಲ್ಸ್ ಸಮ್ಮೇಳನದಲ್ಲಿ ಅಂಗೀಕಾರಗೊಂಡ ಹೇಗ್ ನಿಯಮಗಳನ್ನು ಭಾರತದಲ್ಲಿ 1925ರ ಸಮುದ್ರ ಸರಕು ಸಾಗಣೆ ಕಾಯಿದೆ ಜಾರಿಗೆ ತಂದಿತು. ಹಡಗಿನವನು ತನ್ನ ಹೊಣೆಯನ್ನೆಲ್ಲ ಕರಾರಿನ ಸಣ್ಣ ಅಕ್ಷರಗಳಲ್ಲಿ ಕಳಚಿಕೊಳ್ಳದಂತೆ ಇದು ಕನಿಷ್ಠ ಮಿತಿಯೊಂದನ್ನು ಹಾಕಿತು. ದಾವೆಗೆ ಒಂದು ವರ್ಷದ ಕಾಲಮಿತಿಯೂ ಇದರಿಂದಲೇ ಬಂದದ್ದು.

ಮಂಗಳೂರಿನ ಹಳೆಯ ಬಂದರಿನಲ್ಲಿ ಈ ನಿಯಮಗಳಿಗೆ ಒಂದು ವಿಚಿತ್ರ ಮಿತಿ ಇತ್ತು. ನದೀಮುಖದ ಮರಳದಿಣ್ಣೆಯಿಂದಾಗಿ ದೊಡ್ಡ ಹಡಗುಗಳು ಹೊರಗಡಲಲ್ಲಿ ಲಂಗರು ಹಾಕುತ್ತಿದ್ದವು, ಸರಕನ್ನು ಮಂಜಿ ಮತ್ತು ದೋಣಿಗಳಲ್ಲಿ ಅಲ್ಲಿಗೆ ಸಾಗಿಸಬೇಕಿತ್ತು. ಹೇಗ್ ನಿಯಮಗಳ ಹೊಣೆಗಾರಿಕೆ ಸರಕನ್ನು ಹಡಗಿಗೆ ಏರಿಸುವಲ್ಲಿಂದ ಇಳಿಸುವವರೆಗೆ ಮಾತ್ರ. ದಡ ಮತ್ತು ಹಡಗಿನ ನಡುವಿನ ದೋಣಿಯಲ್ಲಿ ಚೀಲ ನೆನೆದರೆ ಆ ನಷ್ಟ ನಿಯಮಗಳ ಹೊರಗೆ ಉಳಿಯುತ್ತಿತ್ತು. ಕರಾವಳಿಯ ವ್ಯಾಪಾರದಲ್ಲಿ ತೊಡಗಿದ್ದ ಪತ್ತೇಮಾರಿಯಂತಹ ಹಾಯಿಹಡಗುಗಳಿಗೂ 1925ರ ಕಾಯಿದೆಯು ತಮ್ಮದೇ ಷರತ್ತು ಹಾಕಿಕೊಳ್ಳುವ ವಿಶೇಷ ಅವಕಾಶ ಕೊಟ್ಟಿತ್ತು.

1956ರ ನಂತರ

1956ರ ನವೆಂಬರ್ 1ರಂದು ರಾಜ್ಯ ಪುನರ್ವಿಂಗಡಣೆಯಾದಾಗ ಮದ್ರಾಸ್‌ನಿಂದ ದಕ್ಷಿಣ ಕನ್ನಡವೂ ಬೊಂಬಾಯಿಯಿಂದ ಉತ್ತರ ಕನ್ನಡವೂ ಮೈಸೂರು ರಾಜ್ಯಕ್ಕೆ ಸೇರಿದವು. ಕಾಸರಗೋಡು ಕೇರಳಕ್ಕೆ ಹೋಯಿತು. ಪುನರ್ವಿಂಗಡಣಾ ಕಾಯಿದೆಯ 52ನೆಯ ಕಲಮು, ಹೊಸದಾಗಿ ಸೇರಿದ ಪ್ರದೇಶದ ಮೇಲೆ ಹಿಂದಿನ ಉಚ್ಚ ನ್ಯಾಯಾಲಯಕ್ಕಿದ್ದ ಅಧಿಕಾರವೆಲ್ಲ ಹೊಸ ರಾಜ್ಯದ ಉಚ್ಚ ನ್ಯಾಯಾಲಯಕ್ಕೆ ಸಲ್ಲುತ್ತದೆ ಎಂದಿತ್ತು. ಆದರೆ 1891ರ ಕಾಯಿದೆಯ ಪಟ್ಟಿಯಲ್ಲಿ ಬೆಂಗಳೂರಿನ ಹೆಸರಿರಲಿಲ್ಲ.

ಉಳ್ಳಾಲ ಶ್ರೀನಿವಾಸ ಮಲ್ಯರ ಪ್ರಯತ್ನದ ಫಲವಾಗಿ ಪಣಂಬೂರಿನಲ್ಲಿ ರೂಪುಗೊಂಡ ನವಮಂಗಳೂರು ಬಂದರನ್ನು 1974ರ ಮೇ 4ರಂದು ದೇಶದ ಒಂಬತ್ತನೆಯ ಪ್ರಮುಖ ಬಂದರೆಂದು ಘೋಷಿಸಲಾಯಿತು. ಪ್ರಧಾನಿ ಇಂದಿರಾ ಗಾಂಧಿಯವರು 1975ರ ಜನವರಿಯಲ್ಲಿ ಅದನ್ನು ಉದ್ಘಾಟಿಸಿದರು. ಪ್ರಮುಖ ಬಂದರು ಕೇಂದ್ರ ಸರ್ಕಾರದ ವ್ಯಾಪ್ತಿಗೆ, ಕಾರವಾರ, ಹೊನ್ನಾವರ, ಮಲ್ಪೆ, ಹಳೆ ಮಂಗಳೂರು ಮೊದಲಾದ ಸಣ್ಣ ಬಂದರುಗಳು ರಾಜ್ಯದ ವ್ಯಾಪ್ತಿಗೆ ಬರುತ್ತವೆ. ಈ ವಿಭಜನೆಯ ದುರ್ಬಲ ಜಾಗ ಬೇಲೆಕೇರಿಯಲ್ಲಿ ಬಯಲಾಯಿತು. 2010ರಲ್ಲಿ ಅರಣ್ಯ ಇಲಾಖೆ ಅಲ್ಲಿ ಜಪ್ತಿ ಮಾಡಿದ್ದ ಕಬ್ಬಿಣದ ಅದಿರು ಬಂದರಿನಿಂದಲೇ ಕಾಣೆಯಾಗಿ ರಫ್ತಾಯಿತು. 2011ರ ಲೋಕಾಯುಕ್ತ ವರದಿಯಲ್ಲಿ ಇದು ಪ್ರಮುಖ ವಿಷಯವಾಗಿತ್ತು.

‘ಎಂ.ವಿ. ಎಲಿಸಬೆತ್’ ತೀರ್ಪು

ಮೂರು ಉಚ್ಚ ನ್ಯಾಯಾಲಯಗಳ ಹೊರಗಿನ ಕರಾವಳಿಗೆ ಬಾಗಿಲು ತೆರೆದದ್ದು ಸರ್ವೋಚ್ಚ ನ್ಯಾಯಾಲಯದ 1992ರ ತೀರ್ಪು. 1984ರಲ್ಲಿ ಗೋವಾದ ಮರ್ಮಗೋವಾ ಬಂದರಿನಿಂದ ಸರಕು ಹೇರಿಕೊಂಡ ‘ಎಂ.ವಿ. ಎಲಿಸಬೆತ್’ ಹಡಗು ಬಿಲ್ ಆಫ್ ಲೇಡಿಂಗ್ ನೀಡದೆಯೇ ಹೊರಟುಹೋಯಿತು. ಸರಕನ್ನು ಕಳುಹಿಸಿದವರ ಸೂಚನೆಗೆ ವಿರುದ್ಧವಾಗಿ ಅದನ್ನು ಪಡೆಯುವವರಿಗೆ ಒಪ್ಪಿಸಲಾಯಿತು. ಅದೇ ಹಡಗು ಮುಂದೆ ವಿಶಾಖಪಟ್ಟಣಕ್ಕೆ ಬಂದಾಗ ಆಂಧ್ರಪ್ರದೇಶ ಉಚ್ಚ ನ್ಯಾಯಾಲಯದ ಆದೇಶದಿಂದ ಜಪ್ತಿಯಾಯಿತು. ಹೊರಹೋಗುವ ಸರಕಿಗೆ 1861ರ ಕಾಯಿದೆ ಅನ್ವಯಿಸದು, ಆಂಧ್ರದ ನ್ಯಾಯಾಲಯಕ್ಕೆ ಅಧಿಕಾರವೇ ಇಲ್ಲ ಎಂಬುದು ಮಾಲೀಕರ ವಾದ.

ಸರ್ವೋಚ್ಚ ನ್ಯಾಯಾಲಯ ಈ ವಾದವನ್ನು ತಳ್ಳಿಹಾಕಿತು. ಭಾರತದ ಉಚ್ಚ ನ್ಯಾಯಾಲಯಗಳು ಸಂವಿಧಾನದ ಅಡಿಯಲ್ಲಿ ಪೂರ್ಣಾಧಿಕಾರ ಹೊಂದಿರುವ ನ್ಯಾಯಾಲಯಗಳು, ವಸಾಹತು ಕಾಲದ ಕಾಯಿದೆಯ ಪದಗಳಿಗೆ ಅವುಗಳನ್ನು ಕಟ್ಟಿಹಾಕಲಾಗದು ಎಂದಿತು. ಭಾರತ ಸಹಿ ಹಾಕದಿದ್ದ 1952ರ ಬ್ರಸೆಲ್ಸ್ ಹಡಗು ಜಪ್ತಿ ಒಪ್ಪಂದದ ತತ್ತ್ವಗಳನ್ನೂ ಬಳಸಿಕೊಂಡಿತು. ಸ್ವತಂತ್ರ ಭಾರತದ ನೌಕಾ ಕಾನೂನಿನಲ್ಲಿ ಇದಕ್ಕಿಂತ ಮಹತ್ವದ ತೀರ್ಪು ಇಲ್ಲವೆನ್ನಬಹುದು.

2017ರ ಅಡ್ಮಿರಾಲ್ಟಿ ಅಧಿನಿಯಮ

ಅಡ್ಮಿರಾಲ್ಟಿ (ಅಧಿಕಾರವ್ಯಾಪ್ತಿ ಮತ್ತು ಕಡಲ ಕ್ಲೇಮುಗಳ ಇತ್ಯರ್ಥ) ಅಧಿನಿಯಮ, 2017 ಹಳೆಯ ವಸಾಹತು ಕಾಯಿದೆಗಳನ್ನು ರದ್ದುಪಡಿಸಿತು. ಕಲ್ಕತ್ತಾ, ಬಾಂಬೆ, ಮದ್ರಾಸ್‌ಗಳ ಜೊತೆಗೆ ಕರ್ನಾಟಕ, ಗುಜರಾತ್, ಒಡಿಶಾ, ಕೇರಳ ಮತ್ತು ಹೈದರಾಬಾದ್ ಉಚ್ಚ ನ್ಯಾಯಾಲಯಗಳನ್ನು ಹೆಸರಿಸಿ, ಆಯಾ ರಾಜ್ಯದ ತೀರದಿಂದ ಪ್ರಾದೇಶಿಕ ಜಲದ ಅಂಚಿನವರೆಗೆ ಅಧಿಕಾರ ನೀಡಿತು.

ಅಧಿನಿಯಮದ ಕಾರ್ಯವಿಧಾನ ಹೀಗಿದೆ. ಸಂಬಳ ಸಿಗದ ನಾವಿಕ, ಸರಕು ಕಳೆದುಕೊಂಡ ವರ್ತಕ, ಇಂಧನ ಪೂರೈಸಿ ಹಣ ಪಡೆಯದ ವ್ಯಾಪಾರಿ, ಹಡಗಿನಿಂದ ಹಾನಿಗೊಳಗಾದವರು ಉಚ್ಚ ನ್ಯಾಯಾಲಯದಲ್ಲಿ ಹಡಗನ್ನೇ ಪ್ರತಿವಾದಿಯಾಗಿಸಿ ದಾವೆ ಹೂಡಬಹುದು. ನ್ಯಾಯಾಲಯವು ಜಪ್ತಿ ಆದೇಶ ನೀಡಿದರೆ ಬಂದರು ಅಧಿಕಾರಿಗಳು ಹಡಗು ಹೊರಡದಂತೆ ತಡೆಯುತ್ತಾರೆ. ಮಾಲೀಕ ಭದ್ರತಾ ಠೇವಣಿ ಇಟ್ಟರೆ ಹಡಗು ಬಿಡುಗಡೆಯಾಗುತ್ತದೆ, ಇಲ್ಲವಾದರೆ ಹರಾಜಾಗುತ್ತದೆ. ಅದೇ ಮಾಲೀಕನ ಬೇರೊಂದು ಹಡಗನ್ನು ಜಪ್ತಿ ಮಾಡಿಸುವ ಅವಕಾಶವೂ ಇದೆ.

ಹರಾಜಿನ ಹಣ ಎಲ್ಲರಿಗೂ ಸಾಲದಿದ್ದಾಗ ಯಾರು ಮೊದಲು ಎಂಬುದು ಮುಖ್ಯ. ಹಡಗಿನ ಮೇಲಿನ ವಿಶೇಷ ಹಕ್ಕುಗಳಲ್ಲಿ 9ನೆಯ ಕಲಮು ನಾವಿಕರ ಸಂಬಳ ಮತ್ತು ಅವರನ್ನು ಊರಿಗೆ ಕಳುಹಿಸುವ ವೆಚ್ಚಕ್ಕೆ ಮೊದಲ ಸ್ಥಾನ ಕೊಟ್ಟಿದೆ. ಅನಂತರ ಜೀವಹಾನಿ ಮತ್ತು ಗಾಯ, ಹಡಗನ್ನು ರಕ್ಷಿಸಿದವರ ಸಂಭಾವನೆ, ಬಂದರಿನ ಬಾಕಿ, ಹಡಗಿನ ಓಡಾಟದಿಂದಾದ ಇತರ ಭೌತಿಕ ಹಾನಿ ಬರುತ್ತವೆ. ಈ ಹಕ್ಕು ಸಾಮಾನ್ಯವಾಗಿ ಒಂದು ವರ್ಷ ಮಾತ್ರ ಉಳಿಯುತ್ತದೆ, ಸಂಬಳಕ್ಕೆ ಎರಡು ವರ್ಷ.

ದೂರದ ಪ್ರಶ್ನೆ ಮಾತ್ರ ಪೂರ್ತಿ ಬಗೆಹರಿದಿಲ್ಲ. ಮಂಗಳೂರಿನಿಂದ ಪ್ರಧಾನ ಪೀಠವಿರುವ ಬೆಂಗಳೂರು ಸುಮಾರು 350 ಕಿ.ಮೀ. ದೂರದಲ್ಲಿ, ಘಟ್ಟದ ಮೇಲಿದೆ. ಮಂಗಳೂರಿನಲ್ಲಿ ಉಚ್ಚ ನ್ಯಾಯಾಲಯದ ಪೀಠ ಬೇಕೆಂಬ ಬೇಡಿಕೆ ಕರಾವಳಿಯಲ್ಲಿ ಕೇಳಿಬರುತ್ತಿದೆ. ಮುಂಬಯಿ ಅಥವಾ ಚೆನ್ನೈಗೆ ಅಲೆಯುವುದಕ್ಕಿಂತ ಇದು ಸುಲಭವೆಂಬುದು ನಿಜವಾದರೂ, ರಾತ್ರೋರಾತ್ರಿ ಹೊರಡಬಲ್ಲ ಹಡಗಿನ ವಿಷಯದಲ್ಲಿ ಗಂಟೆಗಳಿಗೂ ಲೆಕ್ಕವಿದೆ.

ಮುಳುಗಿದ ಹಡಗುಗಳು

ಒಡೆದ ಹಡಗು ಯಾರದೆಂಬ ಹಳೆಯ ಪ್ರಶ್ನೆ ಇಂದು ತಲೆಕೆಳಗಾಗಿದೆ. ಅದನ್ನು ತೆಗೆಯುವ ಹೊಣೆ ಯಾರದು, ಎಣ್ಣೆ ಸೋರಿದರೆ ಪರಿಹಾರ ಯಾರು ಕೊಡಬೇಕು ಎಂಬುದೇ ಈಗಿನ ತಕರಾರು. 2006ರಲ್ಲಿ ಕಾರವಾರದ ಬಳಿ ‘ಓಶನ್ ಸೆರಾಯಾ’ ಬಂಡೆಗೆ ಬಡಿದು ಎಣ್ಣೆ ಸೋರಿತು. 2007ರ ಜೂನ್‌ನಲ್ಲಿ ಮಂಗಳೂರಿನ ಹೊರಗೆ ‘ಚಾಂಗ್ ಲೆ ಮೆನ್’ ಮತ್ತು ‘ಡೆನ್ ಡೆನ್’, 2009ರಲ್ಲಿ ‘ಏಷ್ಯನ್ ಫಾರೆಸ್ಟ್’ ಮುಳುಗಿದವು. 2022ರ ಜೂನ್‌ನಲ್ಲಿ ಚೀನಾದಿಂದ ಲೆಬನಾನ್‌ಗೆ ಸುಮಾರು 8,000 ಟನ್ ಉಕ್ಕಿನ ಸುರುಳಿಗಳನ್ನು ಒಯ್ಯುತ್ತಿದ್ದ ‘ಪ್ರಿನ್ಸೆಸ್ ಮಿರಾಲ್’ ಉಳ್ಳಾಲದ ಬಟ್ಟಪಾಡಿಯ ಎದುರು ಮುಳುಗಿತು. ಹದಿನೈದು ಮಂದಿ ಸಿರಿಯಾದ ನಾವಿಕರನ್ನು ಕರಾವಳಿ ಕಾವಲು ಪಡೆ ರಕ್ಷಿಸಿತು. ಇಂತಹ ಅವಶೇಷಗಳನ್ನು ತೆರವುಗೊಳಿಸುವ ಹೊಣೆಯನ್ನು ಮಾಲೀಕನ ಮೇಲೆ ಹೊರಿಸುವ 2007ರ ನೈರೋಬಿ ಒಪ್ಪಂದಕ್ಕೆ ಭಾರತ 2011ರಲ್ಲಿ ಸೇರಿತು.

ನಾಡದೋಣಿ ಮೀನುಗಾರನ ಮಟ್ಟಿಗೆ ಹಡಗು ಜಪ್ತಿಯ ಅಧಿಕಾರದ ಬೆಲೆ ತಿಳಿಯುವುದು ಇಲ್ಲಿಯೇ. 2025ರ ಮೇ ತಿಂಗಳಲ್ಲಿ ಕೇರಳದ ಎದುರು ‘ಎಂಎಸ್‌ಸಿ ಎಲ್ಸಾ 3’ ಮುಳುಗಿದಾಗ, ಕೇರಳ ಸರ್ಕಾರವು 9,531 ಕೋಟಿ ರೂಪಾಯಿ ಪರಿಹಾರ ಕೋರಿ ಅಲ್ಲಿನ ಉಚ್ಚ ನ್ಯಾಯಾಲಯದಲ್ಲಿ ಅಡ್ಮಿರಾಲ್ಟಿ ದಾವೆ ಹೂಡಿತು. ಮುಳುಗಿದ ಹಡಗನ್ನು ತಡೆಯುವಂತಿಲ್ಲ, ಹಾಗಾಗಿ ವಿಳಿಞ್ಞಂ ಬಂದರಿನಲ್ಲಿದ್ದ ಅದೇ ಬಳಗದ ‘ಎಂಎಸ್‌ಸಿ ಅಕಿಟೆಟಾ 2’ ಜಪ್ತಿಗೆ ಗುರಿಯಾಯಿತು.

ಬೆಂಗಳೂರು: ಕಡಲಿಲ್ಲದ ಬಂದರು

ಬೆಂಗಳೂರಿಗೆ ಕಡಲ ಕಾನೂನು ಸಂಬಂಧಿಸುವುದು ನ್ಯಾಯಾಲಯದಿಂದ ಮಾತ್ರವಲ್ಲ. ಭಾರತದ ಮೊದಲ ಒಳನಾಡು ಕಂಟೇನರ್ ಡಿಪೊ 1981ರಲ್ಲಿ ಬೆಂಗಳೂರಿನಲ್ಲಿ ಆರಂಭವಾಯಿತು. ಈಗ ಈ ಸೌಲಭ್ಯ ವೈಟ್‌ಫೀಲ್ಡ್‌ನಲ್ಲಿದೆ. ಇಲ್ಲಿ ಕಸ್ಟಮ್ಸ್ ತಪಾಸಣೆ ಮುಗಿದು ಮೊಹರಾದ ಕಂಟೇನರ್ ರೈಲಿನಲ್ಲಿ ಬಂದರು ಸೇರುತ್ತದೆ. ಬಿಟಿಎಂ ಬಡಾವಣೆಯ ಆಚೆಗಿನ ಬೊಮ್ಮನಹಳ್ಳಿ, ಹೊಸೂರು ರಸ್ತೆಗಳ ಸಿದ್ಧ ಉಡುಪು ಕಾರ್ಖಾನೆಗಳಂತಹ ರಫ್ತುದಾರರಿಗೆ ಕಡಲ ವ್ಯಾಪಾರ ಇಲ್ಲಿಂದಲೇ ಶುರುವಾಗುತ್ತದೆ.

ರೈಲು, ಲಾರಿ, ಹಡಗು ಮೂರರಲ್ಲಿ ಸಾಗುವ ಸರಕು ಎಲ್ಲಿ ಕೆಟ್ಟಿತೆಂದು ಪತ್ತೆಹಚ್ಚುವುದು ಕಷ್ಟ. 1993ರ ಬಹುಮಾದರಿ ಸರಕು ಸಾಗಣೆ ಅಧಿನಿಯಮವು ಇಡೀ ಪ್ರಯಾಣಕ್ಕೆ ಒಬ್ಬನೇ ಸಾಗಣೆದಾರನನ್ನು ಹೊಣೆಯಾಗಿಸಿ ಒಂದೇ ಪತ್ರ ನೀಡಲು ಅವಕಾಶ ಮಾಡಿತು. ಹಳೆ ಮಂಗಳೂರಿನ ದೋಣಿಯಲ್ಲಿ ಕಾನೂನಿನ ಹೊರಗೆ ಉಳಿದಿದ್ದ ನಡುದಾರಿಯ ನಷ್ಟ ಹೀಗೆ ಒಳಗೆ ಬಂತು. ಇದೇ ಅಧಿನಿಯಮವು 1925ರ ಕಾಯಿದೆಯ ಪರಿಹಾರ ಮಿತಿಯನ್ನೂ ಬದಲಿಸಿ, ಅಂತಾರಾಷ್ಟ್ರೀಯ ಹಣಕಾಸು ನಿಧಿಯ ಲೆಕ್ಕದ ಮಾನವಾದ ಎಸ್‌ಡಿಆರ್‌ನಲ್ಲಿ ಪ್ರತಿ ಕಟ್ಟಿಗೆ 666.67 ಅಥವಾ ಕಿಲೋಗ್ರಾಮಿಗೆ 2, ಯಾವುದು ಹೆಚ್ಚೋ ಅದು ಎಂದು ನಿಗದಿಪಡಿಸಿತು.

2025ರ ಕಾಯಿದೆಗಳು

2025ರಲ್ಲಿ ಸಂಸತ್ತು ಬಿಲ್ ಆಫ್ ಲೇಡಿಂಗ್, ಸಮುದ್ರ ಸರಕು ಸಾಗಣೆ, ಕರಾವಳಿ ನೌಕಾಯಾನ, ವಾಣಿಜ್ಯ ನೌಕಾಯಾನ ಮತ್ತು ಬಂದರುಗಳ ಕುರಿತು ಐದು ಹೊಸ ಕಾಯಿದೆಗಳನ್ನು ಅಂಗೀಕರಿಸಿತು. ಇವು 1856, 1925, 1958 ಮತ್ತು 1908ರ ಹಳೆಯ ಕಾಯಿದೆಗಳ ಸ್ಥಾನದಲ್ಲಿ ಬಂದಿವೆ. ಕರಾವಳಿ ನೌಕಾಯಾನಕ್ಕೆ ಪ್ರತ್ಯೇಕ ಕಾಯಿದೆ ಇದೇ ಮೊದಲು. ಸಾಗಣೆದಾರನ ಹೊಣೆಯ ವಿಷಯದಲ್ಲಿ ಹೇಗ್ ನಿಯಮಗಳ ಚೌಕಟ್ಟೇ ಮುಂದುವರಿದಿದೆ. 2008ರ ರಾಟರ್‌ಡ್ಯಾಮ್ ನಿಯಮಗಳಿಗೆ ಭಾರತ ಸೇರಿಲ್ಲ. 2017ರ ಅಡ್ಮಿರಾಲ್ಟಿ ಅಧಿನಿಯಮವು ಹಾಗೆಯೇ ಜಾರಿಯಲ್ಲಿದೆ.